ಬಾವಲಿ ಗವಿಯಾಚೆಯ ಚೀಡ್ ಮರ

ಗಂಗಾವತಿಯ ಜಂಗಲಾತ್ ಕಚೇರಿಯ ಮೇಜಿನ ಮೇಲೆ ಒಂದು ಟೊಂಗೆ ಬಿದ್ದಿತ್ತು. ಸೂಜಿಯಂಥ ಉದ್ದನೆಯ ಎಲೆ, ಪಕ್ಕದಲ್ಲಿ ಕಟ್ಟಿಗೆಯಲ್ಲಿ ಕೆತ್ತಿದಂಥ ಒಂದು ಕಾಯಿ. ಮೇಲಧಿಕಾರಿ ಫಕ್ರುದ್ದೀನ ಸಾಹೇಬರ ಎದುರಿಗೆ ರೇಂಜರ್ ದೇವೇಂದ್ರಪ್ಪ ಅದನ್ನು ಎತ್ತಿ ಮೂಸಿ ನೋಡಿದ. ಡೆಹರಾಡೂನಿನಲ್ಲಿ ತರಬೇತಿ ಪಡೆದ ದಿನಗಳೆಲ್ಲ ಒಮ್ಮೆಲೇ ಮೂಗಿನಲ್ಲಿ ಬಂದು ಕೂತವು.

"ಇದು ಚೀಡ್ ರೀ ಸಾಹೇಬರ. ಪೈನ್ ಅಂತಾರಲ್ಲ, ಅದರಾಗ ಒಂದು ಜಾತಿ. ಒಂದೊಂದು ಜುಟ್ಟಿನಾಗ ಮೂರು ಎಲಿ ಅದಾವ ನೋಡ್ರಿ. ಹಿಮಾಲಯದ ಕೆಳಗಿನ ಗುಡ್ಡದಾಗ ಬೆಳಿಯೂ ಗಿಡ. ನಮ್ಮ ಸೀಮ್ಯಾಗ ಇರಾಕ ಸಾಧ್ಯ ಇಲ್ಲ."

"ಸಾಧ್ಯ ಇಲ್ಲಂದ್ರ ಟೊಂಗಿ ಎಲ್ಲಿಂದ ಬಂತ್ರಿ?" ಗುತ್ತೇದಾರ ದೊಡ್ಡಬಸಪ್ಪ ಎಲೆಯಡಿಕೆ ತುಂಬಿದ ಬಾಯಲ್ಲೇ ನಕ್ಕ. "ಸಾಣಾಪುರದ ಆಚಿ ಗುಡ್ಡದ ಮ್ಯಾಲಿಂದ ನಮ್ಮ ಮಂದಿ ಕಡಕೊಂಡು ಬಂದಾರ."

ಅದು ಲಡಾಯಿಯ ಕಾಲ, 1943ರ ಬೇಸಿಗೆಯ ಆರಂಭ. ಪೈನ್ ಮರದಿಂದ ಬರುವ ರಾಳ, ಟರ್ಪಂಟೈನ್ ಎಲ್ಲ ಲಡಾಯಿಗೇ ಹೋಗಿ, ಎಲ್ಲಿ ಕೇಳಿದರೂ ಸಿಗದಂತಾಗಿತ್ತು. ಜಂಗಲಾತ್ ಸಾಹೇಬ ಫಕ್ರುದ್ದೀನರು ಗಡ್ಡ ನೀವಿಕೊಂಡರು.

"ಒಂದು ಗಿಡ ಅಲ್ಲಿ ಬದುಕೈತಿ ಅಂದ್ರ ಸಾವಿರ ಬದುಕ್ತಾವ. ಗುಡ್ಡ ಪೂರಾ ಕಡಿಸಿ, ಸುಟ್ಟು, ಪೈನ್ ಬಿತ್ತಬೇಕಂತ ಹೈದರಾಬಾದಿನ ಸರ್ಕಾರದವರ ಮನಸ್ಸು. ಕಡಿಯೂ ಗುತ್ತಿಗಿ ದೊಡ್ಡಬಸಪ್ಪಂದು. ದೇವೇಂದ್ರಪ್ಪ, ನೀವು ಹೋಗಿ ಗಿಡ ನೋಡಿ, ಕಾಯಿ ತಗೊಂಡು ಬರ್ರಿ. ಯುಗಾದಿ ದಾಟಿದ ಮ್ಯಾಲ ಬೆಂಕಿ ಇಡೂದೈತಿ."

ಯುಗಾದಿ ಹತ್ತಿರದಲ್ಲೇ ಇತ್ತು.

ಹೇಸಿಗೆ ಎನ್ನುವುದು ದೇವೇಂದ್ರಪ್ಪನಿಗೆ ಹುಟ್ಟಿನಿಂದಲೇ ಅಂಟಿದ ಕಾಯಿಲೆ. ಇನ್ನೊಬ್ಬರ ತಂಬಿಗೆಯ ನೀರು ಮುಟ್ಟುತ್ತಿರಲಿಲ್ಲ. ಬೀದಿಯಲ್ಲಿ ಯಾರಾದರೂ ಕ್ಯಾಕರಿಸಿದರೆ ಅಂದಿನ ಊಟ ಅಲ್ಲಿಗೇ ಮುಗಿಯಿತು. ಕಿವಿಯಲ್ಲಿ ಸದಾ ಅತ್ತರಿನ ಹತ್ತಿ. ಇಂಥವನು ಕಾಡಿನ ನೌಕರಿ ಹಿಡಿದದ್ದಕ್ಕೂ ಪೈನ್ ಮರಗಳೇ ಕಾರಣ. ಡೆಹರಾಡೂನಿನ ಮೇಲಿನ ಬೆಟ್ಟಗಳಲ್ಲಿ ನೆಲಕ್ಕೆ ಜಮಖಾನೆ ಹಾಸಿದಂತೆ ಒಣ ಎಲೆ, ಕೆಸರಿಲ್ಲ, ಕೊಳೆಯಿಲ್ಲ, ಗಾಳಿಯೇ ತೊಳೆದಿಟ್ಟ ಹಾಗೆ. ಕಾಡೆಂದರೆ ಎಲ್ಲೆಲ್ಲೂ ಹೀಗೆಯೇ ಎಂದುಕೊಂಡಿದ್ದ ಪಾಪ. ಗಂಗಾವತಿಗೆ ಬಂದ ಮೇಲೆ ಸಿಕ್ಕಿದ್ದು ಕಾದ ಬಂಡೆ, ಮುಳ್ಳು, ಆಡಿನ ಹಿಕ್ಕೆ. ಈ ಗುಡ್ಡಗಳನ್ನು ಅವನು ಮನಸ್ಸಿನಲ್ಲೇ ಬೈಯದ ದಿನವಿರಲಿಲ್ಲ. ಅದಕ್ಕೇ ಸಾಧ್ಯವಿಲ್ಲ ಎಂದು ಬಾಯಿ ಹೇಳುತ್ತಿದ್ದರೂ, ಆ ಮರ ನಿಜವಾಗಿರಲಿ ಎಂದೇ ಅವನ ಒಳಗು ಹಾರೈಸುತ್ತಿತ್ತು.

ಗಾರ್ಡ್ ಶಬ್ಬೀರಸಾಬ ಹಳೆಯ ಬಂದೂಕು, ಕಂದೀಲು, ಹಗ್ಗ ತೆಗೆದುಕೊಂಡ. ಇಬ್ಬರೂ ಬಂಡಿಯಲ್ಲಿ ಸಾಣಾಪುರಕ್ಕೆ ಬಂದರು. ದಾರಿ ತೋರಿಸಲು ಒಪ್ಪಿದವಳು ಸಣ್ಣವ್ವ. ಆ ಗುಡ್ಡದಲ್ಲೇ ಆಡು ಮೇಯಿಸಿ ಅರ್ಧ ಆಯುಷ್ಯ ಕಳೆದ ಗಟ್ಟಿ ಹೆಂಗಸು.

"ಗಿಡ ನೋಡಿ ಬಂದು ಗುಡ್ಡ ಸುಡತೀರಂತಲ್ರಿ?" ಹೊರಡುವ ಮೊದಲೇ ಕೇಳಿದಳು. "ನಮ್ಮ ಆಡಿಗೆ ಮೇವು, ನಮಗ ಸೀತಾಫಲ, ಒಲಿಗೆ ಪುಳ್ಳಿ, ಎಲ್ಲಾ ಆ ಗುಡ್ಡದ್ದ. ಸುಟ್ಟ ಮ್ಯಾಲ ನಾವೇನು ಬೂದಿ ತಿನ್ನೂಣೇನು?"

"ನೋಡೂಣು ನಡಿಯವ್ವ," ಎಂದ ದೇವೇಂದ್ರಪ್ಪ. ಅವಳ ಸೆರಗಿನ ಆಡಿನ ವಾಸನೆಗೆ ಮೂಗು ಆಗಲೇ ಮುಚ್ಚಿಕೊಂಡಿತ್ತು.

ಬೆಳಗಿನ ಬಿಸಿಲಿನಲ್ಲಿ ಗುಡ್ಡ ಏರತೊಡಗಿದರು. ಯಾರೋ ದೈತ್ಯರ ಮಕ್ಕಳು ಆಡಿ ಬಿಟ್ಟುಹೋದ ಗೋಲಿಗಳಂತೆ ಬಂಡೆಯ ಮೇಲೆ ಬಂಡೆ, ಅದರ ಮೇಲೆ ಮತ್ತೊಂದು ಬಂಡೆ. ಸಂದುಗಳಲ್ಲಿ ಕಾರೆ, ಕಕ್ಕೆ, ಸೀತಾಫಲದ ಪೊದೆ. ಕೆಳಗೆ ತುಂಗಭದ್ರೆ ಕಲ್ಲುಗಳ ನಡುವೆ ಸೀಳಿ ಸೀಳಿ ಹರಿಯುತ್ತಿದ್ದಳು. ದೂರದಲ್ಲಿ ಭತ್ತದ ಗದ್ದೆಗಳ ಹಸಿರು ಒಂದು ಚಿಂದಿಯಷ್ಟು ಕಾಣುತ್ತಿತ್ತು. ನೋಡುವವರಿಗೆ ಚೆಲುವೇ. ದೇವೇಂದ್ರಪ್ಪನ ಕಣ್ಣಿಗೆ ಬಿದ್ದದ್ದು ಮಾತ್ರ ದಾರಿಯ ನಡುವಿನ ಕರಡಿಯ ಹೊಲಸು. ಬಾರೆಹಣ್ಣಿನ ಬೀಜ, ಹುಳದ ರೆಕ್ಕೆ ಅದರಲ್ಲಿ ಮಿನುಗುತ್ತಿದ್ದವು. ಅದನ್ನು ಶಬ್ಬೀರಸಾಬ ಕಡ್ಡಿಯಿಂದ ಕೆದಕಿದ.

"ಹಸೀ ಐತ್ರಿ ಸಾಹೇಬ. ಇಲ್ಲೇ ಎಲ್ಲೋ ಐತಿ."

"ಕೆದಕಬ್ಯಾಡೋ ಮಾರಾಯ!" ದೇವೇಂದ್ರಪ್ಪ ಮುಂದೆ ಓಡಿದ.

ಕೊನೆಯ ಏರಿಗೆ ಬಂದಾಗ ಎದುರಿಗೆ ಗೋಡೆಯಂಥ ಕಡಿದಾದ ಬಂಡೆ. ಅದರ ಬುಡದಲ್ಲಿ ಅರ್ಧ ಸುಟ್ಟ ಬಿದಿರಿನ ಏಣಿ.

"ಗುತ್ತೇದಾರನ ಮಂದಿ ಇದನ್ನ ಹಚ್ಚಿ ಹತ್ತಿದ್ರು," ಎಂದಳು ಸಣ್ಣವ್ವ. "ಇಳಿದ ಮ್ಯಾಲ ತಾವ ಸುಟ್ಟಾರ ನೋಡ್ರಿ."

"ಯಾಕ ಸುಟ್ರು?"

"ಮತ್ತೊಬ್ರು ಹತ್ತಬಾರದಂತ. ಮತ್ತ್ಯಾಕ?"

ದೇವೇಂದ್ರಪ್ಪ ಏಣಿಯನ್ನೇ ನೋಡುತ್ತ ನಿಂತ. ಸರ್ಕಾರಕ್ಕೆ ಮರ ತೋರಿಸಬೇಕಾದವನು ಮರದ ದಾರಿಯನ್ನೇ ಸುಡುವುದೆಂದರೇನು? "ಬ್ಯಾರೆ ದಾರಿ ಐತೇನು?"

"ಐತ್ರಿ. ಬಾವಲಿ ಗವಿ. ಆದ್ರ ನಿಮ್ಮಂಥವರಿಗೆ ಆಗೂದಿಲ್ಲ."

ಅವಳ ಮಾತು ಸುಳ್ಳಲ್ಲ ಎನ್ನುವುದು ಗವಿಯ ಬಾಯಿಗೆ ಬರುವ ಮೊದಲೇ ಗೊತ್ತಾಯಿತು. ಒಳಗಿನಿಂದ ಕೊಳೆತ ಉಚ್ಚೆಯ ಬಿಸಿ ನಾತ ಉಸಿರಿನಂತೆ ಹೊರಬರುತ್ತಿತ್ತು. ಕಣ್ಣು ಉರಿದು ನೀರಿಳಿಯಿತು. ಅತ್ತರಿನ ಹತ್ತಿಯನ್ನು ಮೂಗಿಗೇ ತುರುಕಿಕೊಂಡ.

ಕಂದೀಲು ಹಚ್ಚಿದರು. ಒಳಗೆ ಕಾಲಿಟ್ಟರು.

ಮೊದಲ ಹೆಜ್ಜೆಗೇ ಕಾಲು ಹುಗಿಯಿತು. ಬಾವಲಿಯ ಹಿಕ್ಕೆ. ತಲೆಮಾರುಗಳಿಂದ ಬಿದ್ದು ರಾಶಿಯಾದದ್ದು. ಕಂದೀಲಿನ ಬೆಳಕು ಬಿದ್ದಲ್ಲಿ ನೆಲವೇ ಸರಿದಾಡಿತು. ಸಾವಿರಾರು ಜಿರಲೆಗಳು. ಒಂದು ಅವನ ಕಾಲುಚೀಲದೊಳಗೆ ಇಳಿಯಿತು.

"ನಿಂದ್ರಬ್ಯಾಡ್ರಿ!" ಮುಂದಿನಿಂದ ಸಣ್ಣವ್ವ ಕೂಗಿದಳು. "ನಿಂತಷ್ಟು ಹತ್ತತಾವ. ನಡೀರಿ!"

ಮೇಲೆ ಕಪ್ಪು ಚಾವಣಿ ಒಮ್ಮೆಲೇ ಕಳಚಿ ಹಾರಿತು. ರೆಕ್ಕೆಗಳು ಮುಖಕ್ಕೆ ಬಡಿದವು. ಬೆಚ್ಚಗಿನ ಹನಿಗಳು ಕುತ್ತಿಗೆಗೆ ಬಿದ್ದವು. ಅದು ನೀರಲ್ಲ. ದೇವೇಂದ್ರಪ್ಪ ಬಂಡೆಗೆ ಕೈಯೂರಿ ವಾಂತಿ ಮಾಡಿದ. ಬಂಡೆಯೂ ಲೋಳೆ ಲೋಳೆ. ಕೈ ಒರೆಸಿಕೊಳ್ಳಲು ಮೈಮೇಲೆ ಶುದ್ಧವಾದ ಜಾಗವೊಂದು ಉಳಿದಿರಲಿಲ್ಲ.

ಗವಿಯಾಚೆಗೆ ಬೆಳಕು ಕಂಡಾಗ ಅವನು ತೆವಳಿಕೊಂಡೇ ಹೊರಬಿದ್ದ. ಬಿದ್ದಲ್ಲಿಂದಲೇ ತಲೆ ಎತ್ತಿ ನೋಡಿದ.

ಎದುರಿಗಿತ್ತು ಚೀಡ್ ಮರ.

ಎತ್ತರದ ಎರಡು ಬಂಡೆಗಳ ನೆರಳಿನಲ್ಲಿ, ಒರತೆಯೊಂದರ ಪಕ್ಕದಲ್ಲಿ ಒಂಟಿಯಾಗಿ ನಿಂತಿತ್ತು. ಬುಡದ ಸುತ್ತ ಹಳೆಯ ಕಲ್ಲಿನ ಕಟ್ಟೆ, ಹತ್ತಿರದಲ್ಲಿ ಬಿದ್ದುಹೋದ ಗೋಡೆ. ತನ್ನ ಅತ್ತೆಯ ಕಾಲಕ್ಕೆ ಒಬ್ಬ ಬಿಳಿಯ ದೊರೆ ಬೇಸಿಗೆಗೆ ಇಲ್ಲಿ ಬಂದಿರುತ್ತಿದ್ದನಂತೆ, ಅವನು ಹತ್ತುತ್ತಿದ್ದ ಮೆಟ್ಟಿಲುಗಳು ಬಂಡೆ ಉರುಳಿ ಹಾಳಾದವಂತೆ ಎಂದು ಸಣ್ಣವ್ವ ಹೇಳಿದಳು. ಅವನೇ ಎಲ್ಲಿಂದಲೋ ಸಸಿ ತಂದು ನೆಟ್ಟಿರಬೇಕು.

ಹತ್ತಿರ ಹೋದ ದೇವೇಂದ್ರಪ್ಪನ ಸಂತೋಷ ಉಳಿಯಲಿಲ್ಲ. ಗುತ್ತೇದಾರನ ಮಂದಿ ಮರದ ಮೈಯನ್ನು ಸುತ್ತಲೂ ಕೊಡಲಿಯಿಂದ ಕೊಚ್ಚಿದ್ದರು. ತೊಗಟೆ ಸುಲಿದ ಗಾಯಗಳಿಂದ ಅಂಟು ಇಳಿದು ಬುಡದಲ್ಲಿ ಹೆಪ್ಪುಗಟ್ಟಿತ್ತು. ಅದರಲ್ಲಿ ನೊಣ, ಇರುವೆ, ರೆಕ್ಕೆ ಸಿಕ್ಕಿ ಸತ್ತ ಒಂದು ಪಿಕಳಾರ ಹಕ್ಕಿ. ಕಟ್ಟೆಯ ಮೇಲೆ ಹೆಂಡದ ಮಡಕೆಯ ಚೂರು, ಕೊಳೆತ ಕರುಳು, ಮನುಷ್ಯರ ಹೊಲಸು. ಮೂಲೆಯಲ್ಲಿ ಬಿದ್ದಿದ್ದ ತೊಗಲನ್ನು ಸಣ್ಣವ್ವ ಕಾಲಿನಿಂದ ಹೊರಳಿಸಿದಳು.

"ಇದು ನಮ್ಮ ಕರೀ ಆಡು. ಚಿರತಿ ಒಯ್ದೈತಿ ಅನ್ಕೊಂಡಿದ್ನಿ," ಎಂದಳು.

ಗವಿಯ ಹೇಸಿಗೆ ಹೊಟ್ಟೆಯಲ್ಲಿತ್ತು. ಈ ಹೇಸಿಗೆ ಎದೆಗೆ ಹತ್ತಿತು. ಬಾವಲಿಗಳಾದರೂ ತಮ್ಮ ಮನೆಯಲ್ಲಿ ತಾವಿದ್ದವು.

ಅವನು ಬಿದ್ದ ಕಾಯಿಗಳನ್ನು ಆರಿಸಿ ಒಂದೊಂದಾಗಿ ಬಿಡಿಸಿದ. ಬೀಜ ಹಲ್ಲಿನಲ್ಲಿ ಕಚ್ಚಿದ. ಟೊಳ್ಳು. ಇನ್ನೊಂದು, ಅದೂ ಟೊಳ್ಳು. ಸುತ್ತಮುತ್ತ ನೆಲವನ್ನೆಲ್ಲ ಕೈಯಿಂದ ಕೆದರಿ ನೋಡಿದ.

"ಏನು ಹುಡುಕ್ತೀರಿ ಸಾಹೇಬ?" ಶಬ್ಬೀರಸಾಬ ಕೇಳಿದ.

"ಮರಿ ಗಿಡ. ಒಂದೂ ಇಲ್ಲ. ಈ ಗಿಡಕ್ಕ ಮುದುಕನ ವಯಸ್ಸಾಗೈತಿ, ಒಂದು ಮಗಾ ಹುಟ್ಟಿಲ್ಲ. ಜೋಡಿ ಗಿಡದ ಪರಾಗ ಇಲ್ಲದ ಬೀಜ ಎಲ್ಲಾ ಜೊಳ್ಳು."

"ಬ್ಯಾರೆ ಜಾತಿ ಪೈನ್ ಇಲ್ಲಿ ಬರೂದಿಲ್ಲೇನ್ರಿ?"

"ಎಲಿ ಐದೈದು ಇರೂದು ಕೈಲ್, ಅದಕ್ಕ ಹಿಮಾಲಯದಾಗ ಇನ್ನೂ ಮ್ಯಾಲಿನ ಚಳಿ ಬೇಕು. ಖಾಸಿ ಪೈನ್ ಅಸ್ಸಾಮಿನ ಮಳಿ ಗುಡ್ಡದ್ದು. ಚಿಲ್ಗೋಜಾ ಹಿಮಾಲಯದ ಒಳಗ, ಒಣ ಚಳಿ ಸೀಮಿಯದು."

"ಚಿಲ್ಗೋಜಾ ಅಂದ್ರ ಮದುವಿ ತಾಟಿನಾಗ ಬದಾಮಿ ಜೋಡಿ ಇಡೂ ಮೇವಾ ಅಲ್ರಿ? ಅದು ಇಂಥ ಗಿಡದ ಬೀಜ ಏನು! ನಾ ತಿಂದೀನಿ," ಎಂದು ಶಬ್ಬೀರಸಾಬ ಬೆರಗಾದ.

ಅಂಚಿಗೆ ಹೋಗಿ ಕೆಳಗೆ ನೋಡಿದಾಗ ಉಳಿದದ್ದೂ ಬಯಲಾಯಿತು. ಗುಡ್ಡದ ಹಿಂಬದಿಯ ಕಣಿವೆಯಲ್ಲಿ ಸಾಲಾಗಿ ಗುಂಡಿಗಳು, ಪಕ್ಕದಲ್ಲಿ ಮಣ್ಣಿನ ಗುಪ್ಪೆ. ಇದ್ದಿಲ ಭಟ್ಟಿಗಳು. ಪೆಟ್ರೋಲ್ ಸಿಗದೆ ಬಸ್ಸುಗಳು ಇದ್ದಿಲಿನ ಗ್ಯಾಸಿನಿಂದ ಓಡುತ್ತಿದ್ದ ಕಾಲವದು. ಗುಡ್ಡದ ಕಮರ, ಜಾಲಿ ಮರಗಳೆಲ್ಲ ಇದ್ದಿಲಾಗಬೇಕು. ಪೈನ್ ಬರೀ ನೆಪ. ಇದು ಯಾರ ಕಣ್ಣಿಗೂ ಬೀಳಬಾರದೆಂದೇ ಏಣಿ ಸುಟ್ಟಿದ್ದರು.

"ಥೂ!" ಎಂದ ದೇವೇಂದ್ರಪ್ಪ. ಬದುಕಿನಲ್ಲಿ ಮೊದಲ ಸಲ ಅವನು ನೆಲದ ಮೇಲೆ ಉಗುಳಿದ.

ಕಾಯಿಗಳನ್ನು ರುಮಾಲಿನಲ್ಲಿ ಕಟ್ಟಿಕೊಂಡು ಗವಿಯ ಕಡೆ ತಿರುಗಿದರು. ಶಬ್ಬೀರಸಾಬ ಮುಂದಿದ್ದ.

ಬಂಡೆಯ ಹಿಂದಿನಿಂದ ಕಪ್ಪು ಮುದ್ದೆಯೊಂದು ಎದ್ದಿತು.

ಕರಡಿ! ಬೆನ್ನಿಗೆ ಮರಿ ಕಚ್ಚಿಕೊಂಡಿತ್ತು. ಬಂದೂಕು ಎತ್ತುವಷ್ಟೂ ಸಮಯ ಸಿಗಲಿಲ್ಲ. ಒಂದೇ ಏಟು. ಶಬ್ಬೀರಸಾಬ ಉರುಳಿದ. ಬಂದೂಕು ಬಂಡೆಸಂದಿಗೆ ಬಿತ್ತು. ಕಂದೀಲು ಚೂರಾಯಿತು. ಸಣ್ಣವ್ವ ಕಲ್ಲೆತ್ತಿ ಎಸೆದು ಅರಚಿದಳು. ದೇವೇಂದ್ರಪ್ಪನೂ ಎಸೆದ, ಅರಚಿದ. ಕರಡಿ ಹೂಂಕರಿಸುತ್ತ ಗವಿಯೊಳಕ್ಕೇ ನುಗ್ಗಿತು.

ಶಬ್ಬೀರಸಾಬನ ತೋಳು ಭುಜದಿಂದ ಮೊಣಕೈವರೆಗೆ ಹರಿದಿತ್ತು. ರಕ್ತ ನೋಡಿದರೆ ತಲೆ ತಿರುಗುವ ದೇವೇಂದ್ರಪ್ಪ ಈಗ ಬರಿಗೈಯಿಂದ ಗಾಯ ಒತ್ತಿ ಹಿಡಿದ. ಒರತೆಯ ನೀರಿನಿಂದ ತೊಳೆದು, ಮರದ ಹಸಿ ಅಂಟನ್ನು ಬಳಿದು, ಸಣ್ಣವ್ವ ಹರಿದುಕೊಟ್ಟ ಸೆರಗಿನಿಂದ ಬಿಗಿದ. ಹಿಮಾಲಯದ ಹಳ್ಳಿಯವರು ಹಾಗೆ ಮಾಡುವುದನ್ನು ಅವನು ನೋಡಿದ್ದ.

"ಕಂದೀಲಿಲ್ಲ, ಬಂದೂಕಿಲ್ಲ, ಕರಡಿ ಒಳಗೈತಿ," ಎಂದಳು ಸಣ್ಣವ್ವ. "ಹೆಂಗ್ರಿ?"

ದೇವೇಂದ್ರಪ್ಪ ಕೊಚ್ಚಿದ ಮರದ ಬುಡದತ್ತ ನೋಡಿದ. ಅಂಟು ಕುಡಿದು ಕೆಂಪಾದ ಕಟ್ಟಿಗೆಯ ಚಕ್ಕೆಗಳು ರಾಶಿ ಬಿದ್ದಿದ್ದವು. "ಇವು ಎಣ್ಣಿ ಇಲ್ಲದ ಉರೀತಾವ. ಆರಸ್ರಿ!"

ಹಸಿ ಟೊಂಗೆಗಳ ತುದಿಗೆ ಚಕ್ಕೆ ಕಟ್ಟಿ ಕಡ್ಡಿ ಗೀರಿದ. ಕಪ್ಪು ಹೊಗೆ ಕಾರುತ್ತ ಉರಿ ಭಗ್ಗನೆ ಎದ್ದಿತು. ಈ ಸಲ ಅವನೇ ಮುಂದೆ ನಡೆದ. ನಡುವೆ ಶಬ್ಬೀರಸಾಬ. ಹಿಂದೆ ಅವನ ಸೊಂಟ ಹಿಡಿದು ಸಣ್ಣವ್ವ.

ಗವಿಯ ನಡುಮಧ್ಯೆ ಎರಡು ಕಣ್ಣು ಹೊಳೆದವು.

"ಹೋ! ಹೋ!" ಎಂದು ಕೂಗುತ್ತ ದೇವೇಂದ್ರಪ್ಪ ಉರಿ ಬೀಸಿದ. ಕರಡಿ ಎದ್ದು ನಿಂತಿತು. ಅದರ ಬಾಯಿಯ ಕೊಳೆ ನಾತ ಮುಖಕ್ಕೇ ಬಡಿಯಿತು. ಹಿಂದೆ ಸರಿದರೆ ಮೂವರೂ ಸತ್ತಂತೆ. ಅವನು ಮುಂದೆಯೇ ನುಗ್ಗಿದ. ಕಾಲು ಜಾರಿತು. ಹಿಕ್ಕೆಯ ರಾಶಿಯಲ್ಲಿ ಮುಖ ಅಡಿಯಾಗಿ ಬಿದ್ದ. ಬಾಯಿ, ಮೂಗು, ಕಣ್ಣು, ಎಲ್ಲ ತುಂಬಿತು. ಆದರೆ ಪಂಜು ಹಿಡಿದ ಕೈ ಮಾತ್ರ ಮೇಲೆಯೇ ಇತ್ತು. ಬಿದ್ದಲ್ಲಿಂದಲೇ ಅದನ್ನು ಕರಡಿಯ ಮೂತಿಗೆ ತಿವಿದ.

ಸುಟ್ಟ ಕೂದಲಿನ ಕಮಟು. ಒಂದು ಚೀರು. ಕರಡಿ ಮರಿಸಮೇತ ಪಕ್ಕದ ಸೀಳಿನೊಳಗೆ ನುಸುಳಿ ಮಾಯವಾಯಿತು.

"ಏಳ್ರಿ ಸಾಹೇಬ್ರ, ಏಳ್ರಿ!" ಸಣ್ಣವ್ವ ರಟ್ಟೆ ಹಿಡಿದು ಎತ್ತಿದಳು. ಅವನು ಉಗುಳುತ್ತ, ಕೆಮ್ಮುತ್ತ, ರುಮಾಲಿನ ಗಂಟನ್ನು ಎದೆಗವಚಿಕೊಂಡು ಹೊರಗಿನ ಬಿಸಿಲಿಗೆ ಬಂದ.

ಶಬ್ಬೀರಸಾಬನನ್ನು ಬಂಡಿಯಲ್ಲಿ ಗಂಗಾವತಿಗೆ ತಂದು ಆಸ್ಪತ್ರೆಯಲ್ಲಿ ಬಿಟ್ಟು, ಮುಖ ಮಾತ್ರ ತೊಳೆದುಕೊಂಡು, ದೇವೇಂದ್ರಪ್ಪ ಸಣ್ಣವ್ವನೊಂದಿಗೆ ನೇರವಾಗಿ ಕಚೇರಿಗೆ ಹೋದ. ದೊಡ್ಡಬಸಪ್ಪ ಅಲ್ಲಿಯೇ ಕೂತಿದ್ದ. ಮೂಗಿಗೆ ಶಲ್ಯ ಹಿಡಿದ. ದೇವೇಂದ್ರಪ್ಪ ಮೇಜಿನ ಮೇಲೆ ಕಾಯಿಗಳನ್ನು ಸುರಿದು ಸಾಹೇಬರ ಎದುರಿಗೇ ಒಡೆದು ತೋರಿಸಿದ.

"ಎಲ್ಲಾ ಜೊಳ್ಳು ರೀ. ಗಿಡ ಖರೆ, ಆದ್ರ ಕಲ್ಲುಬಂಡಿ ನೆರಳು, ಒರತಿ ನೀರಿನ ಮ್ಯಾಲ ಬದುಕೈತಿ. ಬುಡಕ್ಕ ಒಂದು ಸಸಿ ಇಲ್ಲ."

"ಬೀಜ ಹಿಮಾಲಯದಿಂದ ತರಸಿದ್ರಾತು," ಎಂದ ದೊಡ್ಡಬಸಪ್ಪ.

"ಬಯಲಗುಡ್ಡದ ಕಾದ ಕಲ್ಲಿನಾಗ ಒಂದು ಬ್ಯಾಸಗಿ ತಡಿಯೂದಿಲ್ಲ. ಅದು ನಿಮಗೂ ಬೇಕಾಗಿಲ್ಲ ಬಿಡ್ರಿ. ಗುಡ್ಡದ ಹಿಂದ ಭಟ್ಟಿ ಗುಂಡಿ ತೋಡಿಸೀರಲ್ಲ, ಅದರಾಗ ಪೈನ್ ಬಿತ್ತಾವ್ರೇನು?"

ಫಕ್ರುದ್ದೀನ ಸಾಹೇಬರು ಸಣ್ಣವ್ವನ ಕಡೆ ನೋಡಿದರು. "ಖರೇನಾ?"

"ಕಣ್ಣಾರೆ ನೋಡೀನ್ರಿ. ನನ್ನ ಆಡೂ ತಿಂದಾರ."

ಸಾಹೇಬರು ಟೊಳ್ಳು ಬೀಜವೊಂದನ್ನು ಬೆರಳಲ್ಲಿ ಹೊರಳಿಸಿದರು. "ಗುಡ್ಡಕ್ಕ ಬೆಂಕಿ ಇಲ್ಲ," ಎಂದರು. "ದೊಡ್ಡಬಸಪ್ಪ, ಆ ಗುಂಡಿ ನಾಳಿಂದ ನೀವ ಮುಚ್ಚಸ್ರಿ. ನಾ ಬಂದು ನೋಡ್ತೀನಿ."

ಹೊರಗೆ ಬಂದಾಗ ಸಂಜೆಯಾಗಿತ್ತು. ಸುತ್ತಲೂ ಕೊಚ್ಚಿಸಿಕೊಂಡ ಆ ಮರ ಇನ್ನೊಂದು ಬೇಸಿಗೆ ಕಾಣುವುದಿಲ್ಲ ಎನ್ನುವುದು ದೇವೇಂದ್ರಪ್ಪನಿಗೆ ಗೊತ್ತಿತ್ತು. ಅದು ಮನಸ್ಸನ್ನು ಚುಚ್ಚಿತು. ಆದರೂ ಹಸಿವು ಕೇಳಲಿಲ್ಲ. ಖಾನಾವಳಿಯ ಬಾಗಿಲಿಗೆ ಹೋದರೆ ಮಾಲಕ ಮೂಗು ಮುಚ್ಚಿಕೊಂಡು ಓಡಿಬಂದ.

"ಒಳಗ ಬರಬ್ಯಾಡ್ರಿ, ಉಣ್ಣಾವರು ಎದ್ದು ಹೋಗ್ತಾರ! ಅಲ್ಲೇ ಬೇವಿನ ಗಿಡದ ಬುಡಕ್ಕ ಕುಂಡ್ರಿ, ತಂದು ಹಾಕ್ತೀನಿ."

ಅವನೂ ಸಣ್ಣವ್ವನೂ ಮಣ್ಣಿನಲ್ಲೇ ಕೂತರು. ಜೋಳದ ರೊಟ್ಟಿ, ಬದನೆಕಾಯಿ ಪಲ್ಲೆ ಬಂತು. ಉಗುರಿನಲ್ಲಿ ಅಂಟು, ಸಂದಿಯಲ್ಲಿ ಗವಿಯ ಕಪ್ಪು. ದೇವೇಂದ್ರಪ್ಪ ಕೈಯನ್ನು ಒಮ್ಮೆ ನೋಡಿಕೊಂಡ. ಆಮೇಲೆ ರೊಟ್ಟಿ ಮುರಿದ.

"ಇನ್ನೊಂದು ಹಾಕಸ್ರಿ," ಎಂದಳು ಸಣ್ಣವ್ವ ನಗುತ್ತ.

"ಎರಡು," ಎಂದು ಅವನು ಒಳಗೆ ಕೂಗಿ ಹೇಳಿದ.