ಕೆಂಪುಗಾಲಿನ ಪಾರಿವಾಳ

ಪೂರಾನ್ ಬಾಗಿಲು ತಟ್ಟಲಿಲ್ಲ, ಒದ್ದಳು. ಅವಳ ಎರಡೂ ಕೈಯಲ್ಲಿ ಒಂದು ಪಾರಿವಾಳವಿತ್ತು.

ಬಾಗಿಲು ತೆಗೆದವನು ಮಿಹ್ರಕ್. ಹಿಂದಿನ ಸಂಜೆಯಷ್ಟೇ ಅವಳ ಗಂಡ ಫರ್ರುಖ್‌ಜಾದನ ಹಡಗು ಅವನಿಲ್ಲದೆ ಸೀರಾಫ್ ಬಂದರಿಗೆ ಬಂದಿತ್ತು. ಹಿಂದ್ ದೇಶದಿಂದ ಅಗರು ಹೇರಿಕೊಂಡು ಬರುತ್ತಿದ್ದ ಆ ಹಡಗಿನ ನಾಯಕ, ಅಂದರೆ ನಾಖುದಾ, ಹೊರ್ಮುಜ್ ಜಲಸಂಧಿಯಲ್ಲಿ ಬಿರುಗಾಳಿಗೆ ಸಿಕ್ಕಿ ಸಮುದ್ರದ ಪಾಲಾದನೆಂದು ಊರಿಗೆಲ್ಲ ಗೊತ್ತಾಗಿತ್ತು. ಆದರೂ ಪೂರಾನ್ ಶೋಕದ ನೀಲಿ ಬಟ್ಟೆ ಉಟ್ಟಿರಲಿಲ್ಲ.

"ಅಮ್ಮ ಎಲ್ಲಿ?" ಎಂದು ಕೇಳುತ್ತಲೇ ಒಳಗೆ ನುಗ್ಗಿದಳು.

ಅಮ್ಮ ಎಂದರೆ ಗುರ್ದಿಯ, ಮಿಹ್ರಕನ ಅತ್ತಿಗೆ. ಸೀರಾಫಿನಲ್ಲಿ ಕಳವಾಗಲಿ ಕೊಲೆಯಾಗಲಿ, ಜನ ಕಾಜಿಯ ಹತ್ತಿರ ಹೋಗುವ ಮೊದಲು ಈ ಮುದುಕಿಯ ಅಂಗಳಕ್ಕೆ ಬರುತ್ತಿದ್ದರು. ಅವಳಿಗೆ ಮಂಡಿನೋವು. ಹಾಗಾಗಿ ಯೋಚನೆ ಅವಳದು, ಓಡಾಟ ಮಿಹ್ರಕನದು, ಬೈಗುಳ ಮಾತ್ರ ಇಬ್ಬರಿಗೂ ಸಮಪಾಲು.

"ಬೆಳಿಗ್ಗೆ ನಮ್ಮ ಮಾಳಿಗೆ ಮೇಲೆ ಬಂದು ಕೂತಿದೆ, ಅಮ್ಮ. ಅವರು ಹಡಗಿಗೆ ಒಯ್ದಿದ್ದ ಹಕ್ಕಿ, ಎಲ್ಲಿ ಬಿಟ್ರೂ ಮನೆಗೇ ಬರುತ್ತೆ. ಅವರೂ ಪಂಜರವೂ ಒಟ್ಟಿಗೇ ಅಲೆಗೆ ಕೊಚ್ಚಿಕೊಂಡು ಹೋದ್ರು ಅಂದ್ರಲ್ಲ, ಹೋಗಿದ್ರೆ ಇದು ಹೇಗೆ ಬಂತು?"

"ಕಣ್ಣಾರೆ ನೋಡಿದವರು ಯಾರು?"

"ಯಾರೂ ಇಲ್ಲ. ಲಂಗರು ಹಾಕಿ ಮಲಗಿದ್ರಂತೆ. ಚುಕ್ಕಾಣಿಗ ಬುರ್ಜೀನ್, ವರ್ತಕ ಜಾದೋಯ್, ಕರಣಿಕ ಮಾಹಾನ್, ಈ ಮೂವರೇ ಸರದಿ ಮೇಲೆ ಕಾವಲು. ಬೆಳಗಾಗೋದರೊಳಗೆ ಗಾಳಿ ಎದ್ದಿದೆ, ನಮ್ಮವರು ಇಲ್ಲ. ನನ್ನ ಸರದೀಲಿ ಏನೂ ಆಗ್ಲಿಲ್ಲ ಅಂತ ಮೂವರೂ ಹೇಳ್ತಾರೆ."

ಮುದುಕಿ ಹಕ್ಕಿಯನ್ನು ಮಡಿಲಿಗೆ ತೆಗೆದುಕೊಂಡಳು. ಕಾಲಿಗೆಲ್ಲ ಪುಕ್ಕವಿರುವ ಬಿಳಿ ತಳಿ ಅದು. ಆ ಪುಕ್ಕ ಬೆರಳಿನಿಂದ ತೊಡೆಯವರೆಗೂ ಕೆಂಪಾಗಿ ಒಣಗಿ ಗಟ್ಟಿಯಾಗಿತ್ತು. ರಕ್ತವೆಂದು ಮಿಹ್ರಕ್ ಹೆದರಿದ. ಗುರ್ದಿಯ ಅದನ್ನು ಉಗುರಿನಿಂದ ಕೆರೆದು ನಾಲಿಗೆಗೆ ಮುಟ್ಟಿಸಿ ನೋಡಿದಳು. ಅವಳ ಮುಖ ಬಿಗಿಯಾಯಿತು.

"ಮಗಳೇ, ನೀಲಿ ಬಟ್ಟೆ ಪೆಟ್ಟಿಗೆಯಲ್ಲೇ ಇರಲಿ. ಹಕ್ಕಿಗೆ ಮೇವು ಹಾಕು, ಕಾಲು ಮಾತ್ರ ತೊಳೀಬೇಡ." ಆಮೇಲೆ ಮೈದುನನ ಕಡೆ ತಿರುಗಿದಳು. "ಬಂದರಿನಲ್ಲಿ ಎಲ್ಲಕ್ಕಿಂತ ವೇಗದ ದೋಣಿಗೆ ಸಿಹಿನೀರು ತುಂಬಿಸಿಡು. ಸತ್ತವನ ಹೆಸರಲ್ಲಿ ನಮ್ಮನೇಲಿ ಊಟ ಅಂತ ಆ ಮೂವರನ್ನೂ ಕರ್ಕೊಂಡು ಬಾ."

"ದೋಣಿ ಯಾಕೆ ಅತ್ತಿಗೆ?"

"ಮೊದಲು ಕಾಲು ಓಡಲಿ ಮಾರಾಯ, ಬಾಯಿ ಆಮೇಲೆ."

ಮಿಹ್ರಕ್ ದೋಣಿ ಸಿದ್ಧಮಾಡಿಸಿ ಹಡಗಿಗೆ ಹೋದಾಗ ಬುರ್ಜೀನ್ ಆಗಲೇ ನಾಖುದಾನ ಪೀಠದಲ್ಲಿ ಕುಳಿತು ಹಮಾಲರಿಗೆ ಜೋರು ಮಾಡುತ್ತಿದ್ದ. ಅವನ ನಡುಪಟ್ಟಿಯ ತುದಿ ಮೊಂಡಾಗಿತ್ತು. ನಾಖುದಾ ಸಮುದ್ರದಲ್ಲಿ ಸತ್ತರೆ ಜೊತೆಗಾರರೆಲ್ಲ ತಮ್ಮ ನಡುಪಟ್ಟಿಯ ಕುಚ್ಚನ್ನು ಕತ್ತರಿಸಿ ನೀರಿಗೆ ಹಾಕುವುದು ಸೀರಾಫಿನವರ ಕಟ್ಟಳೆ. "ಹಡಗನ್ನು ಯಾರಾದ್ರೂ ನಡೆಸಬೇಕಲ್ಲ!" ಎಂದು ಯಾರೂ ಕೇಳದಿದ್ದರೂ ಸಮಜಾಯಿಷಿ ಕೊಟ್ಟ. ಜಾದೋಯ್ ದಾರಿಯುದ್ದಕ್ಕೂ ಫರ್ರುಖ್‌ಜಾದನೊಂದಿಗೆ ಜಗಳವಾಡಿದವನು. "ಸತ್ತವನ ಮೇಲೆ ಎಂಥ ಸಿಟ್ಟು? ನನ್ನ ರೇಷ್ಮೆ ಕುಚ್ಚನ್ನೇ ಕೊಟ್ಟಿದ್ದೀನಿ" ಎಂದು ಬೋಳು ತುದಿ ತೋರಿಸಿದ. ಮಾಹಾನ್ ಮಾತ್ರ ಮಸೀದಿಯ ಮೆಟ್ಟಿಲ ಮೇಲೆ ಬಿಕ್ಕಿಬಿಕ್ಕಿ ಅಳುತ್ತಿದ್ದ. ನಡುಪಟ್ಟಿಯ ಕುಚ್ಚಿನಿಂದ ಕಣ್ಣು ಒರೆಸಿಕೊಳ್ಳುತ್ತ, "ನನಗೆ ತಂದೆಯ ಹಾಗಿದ್ದರು" ಎಂದ. ಇವನೊಬ್ಬನಾದರೂ ಮನುಷ್ಯ ಎಂದುಕೊಂಡ ಮಿಹ್ರಕ್.

ಮನೆಗೆ ಬಂದು ಕಂಡದ್ದನ್ನೆಲ್ಲ ಅತ್ತಿಗೆಯ ಕಿವಿಗೆ ಹಾಕಿದ. ಅವಳು ಎರಡು ಸಲ ಕೇಳಿದ್ದು ಮಾಹಾನನ ಅಳುವಿನ ಬಗ್ಗೆ. ಯಾಕೆಂದು ಅವನಿಗೆ ಅರ್ಥವಾಗಲಿಲ್ಲ.

ಅಂಗಳದಲ್ಲಿ ಸುಟ್ಟ ಮೀನು, ರೊಟ್ಟಿ, ಖರ್ಜೂರ ಬಡಿಸಿತ್ತು. ನಡುವೆ ಒಂದು ಬೋಗುಣಿಯ ತುಂಬ ಸಮುದ್ರದ ನೀರು. ಯಾರೂ ರೊಟ್ಟಿಗೆ ಕೈ ಹಾಕುವ ಮೊದಲೇ ಮುದುಕಿ ಹಕ್ಕಿಯನ್ನು ಎತ್ತಿ ತೋರಿಸಿದಳು.

"ಈ ಕಾಲು ನೋಡಿ. ಈ ಕೆಂಪುಮಣ್ಣು ನಮ್ಮ ದಾರಿಯಲ್ಲಿ ಸಿಗೋದು ಒಂದೇ ಕಡೆ."

"ಜಲಸಂಧಿಯ ಕೆಂಪುದ್ವೀಪ" ಎಂದ ಬುರ್ಜೀನ್. "ಅದರ ಮಗ್ಗುಲಲ್ಲೇ ಲಂಗರು ಹಾಕಿದ್ವಿ. ಆದ್ರೆ ಯಾರೂ ಇಳೀಲಿಲ್ಲ."

"ಒಬ್ಬ ಇಳಿದ. ಅವನ ಜೊತೆ ಪಂಜರವೂ ಇಳೀತು. ನಾಖುದಾ ಹಡಗು ಬಿಟ್ಟು ಕಾಲು ಕೆಳಗಿಟ್ರೆ ಹಕ್ಕಿ ಕೈಯಲ್ಲಿರಬೇಕು, ನನ್ನ ಗಂಡನೂ ಹಾಗೇ ಮಾಡ್ತಿದ್ದ. ಗಾಳಿಗೆ ಹಾರಿ ಬಿದ್ದವನು ಪಂಜರ ಹಿಡ್ಕೊಂಡು ಬೀಳಲ್ಲ."

"ಹಕ್ಕಿ ತಾನೇ ತಪ್ಪಿಸಿಕೊಂಡು ದ್ವೀಪದಲ್ಲಿ ಕೂತಿರಬಹುದು" ಎಂದ ಜಾದೋಯ್.

"ನಡೆದಾಡಿದ್ರೆ ಪಾದ ಕೆಂಪಾಗುತ್ತೆ, ತೊಡೆ ಅಲ್ಲ. ಯಾರೋ ಮಣ್ಣು ಕಲಸಿ ಬಳಿದಿದ್ದಾರೆ. ಕಾಗದ ಇಲ್ಲದವನು ಬರೆದ ಓಲೆ ಇದು. ಬಿರುಗಾಳಿ ನಿಮ್ಮನ್ನು ಊರಿಗೆ ತಳ್ಳಿತು, ಹಕ್ಕಿಯನ್ನು ಅಲ್ಲೇ ಕೂರಿಸಿತು. ಗಾಳಿ ನಿಂತ ಮೇಲೆ ಅವನು ಬಿಟ್ಟ. ಅಂದ್ರೆ ಮೊನ್ನೆ ಮೊನ್ನೆವರೆಗೂ ಫರ್ರುಖ್‌ಜಾದ ಬದುಕಿದ್ದ."

ಹಿಂದೆ ನಿಂತಿದ್ದ ಪೂರಾನ್ ಎರಡು ಹೆಜ್ಜೆ ಮುಂದೆ ಬಂದಳು.

"ಆ ದ್ವೀಪದಲ್ಲಿ ಸಿಹಿನೀರಿಲ್ಲ. ಬಂಡೆಗುಳಿಯ ಮಳೆನೀರು ಕುಡಿದು ಉಳಿದಿರಬೇಕು, ಈಗ ಬಿಸಿಲಿಗೆ ಅದೂ ಆರ್ತಿದೆ. ಊರು ಅವನನ್ನು ಸತ್ತ ಅಂತ ಬಿಟ್ರೆ ನಿಜವಾಗಿಯೂ ಸಾಯ್ತಾನೆ. ದ್ವೀಪ ದೊಡ್ಡದು. ಯಾವ ಕೊಲ್ಲಿಯಲ್ಲಿ ಇಳಿಸಿದೆ, ಮಾಹಾನ್?"

ಎಲ್ಲರೂ ತಿರುಗಿ ನೋಡಿದರು. ಮಾಹಾನನ ಅಳು ನಿಂತಿತು.

"ನಾನಾ? ಪೀಠ ಹತ್ತಿದವನು ಬುರ್ಜೀನ್, ಜಗಳ ಆಡಿದವನು ಜಾದೋಯ್..."

"ಅವರಿಬ್ಬರ ಕುಚ್ಚೂ ಸಮುದ್ರದಲ್ಲಿದೆ. ನಿನ್ನದರಲ್ಲಿ ನೀನು ಕಣ್ಣು ಒರೆಸ್ಕೊಂಡೆಯಂತೆ." ಮುದುಕಿ ಒಂದು ಕತ್ತರಿ ತೆಗೆದು ಬೋಗುಣಿಯ ಪಕ್ಕಕ್ಕಿಟ್ಟಳು. "ಮರೆತಿರಬೇಕು. ಈಗ ಹಾಕು. ತಂದೆಯಂಥವನಿಗೆ ಅಷ್ಟೂ ಮಾಡಲ್ವಾ?"

ಮಾಹಾನ್ ಕತ್ತರಿ ಎತ್ತಿಕೊಂಡ, ಕುಚ್ಚು ಹಿಡಿದ. ಕತ್ತರಿಯ ಬಾಯಿ ತೆರೆದ, ಮುಚ್ಚಲಿಲ್ಲ. ಆಗ ಮಿಹ್ರಕನಿಗೆ ಎಲ್ಲ ಹೊಳೆಯಿತು. ಬದುಕಿರುವವನ ಹೆಸರಲ್ಲಿ ಗೊತ್ತಿದ್ದೂ ಕುಚ್ಚು ಕೊಟ್ಟರೆ ಸಮುದ್ರ ಕೊಟ್ಟವನನ್ನೇ ಎಳೆದುಕೊಳ್ಳುತ್ತದೆ ಎಂಬುದನ್ನು ಸೀರಾಫಿನ ಮಕ್ಕಳು ತಾಯಿಯ ಮಡಿಲಲ್ಲೇ ಕೇಳಿರುತ್ತಾರೆ. ಉಳಿದವರಿಗೆ ಫರ್ರುಖ್‌ಜಾದ ಬದುಕಿರುವುದು ಗೊತ್ತಿರಲಿಲ್ಲ, ಕತ್ತರಿಸಿದರು. ಗೊತ್ತಿದ್ದವನು ಇವನೊಬ್ಬನೇ.

ಕತ್ತರಿ ಕೆಳಗೆ ಬಿತ್ತು. "ದಾರಿಯುದ್ದಕ್ಕೂ ಅಗರು ಕದ್ದು ಮಾರಿದ್ದೆ" ಎಂದ ಮಾಹಾನ್. "ಅವರಿಗೆ ಗೊತ್ತಾಯ್ತು. ಉಳಿದದ್ದನ್ನು ದ್ವೀಪದಲ್ಲಿ ಹೂತಿದ್ದೀನಿ, ಹಡಗಿನವರ ಮುಂದೆ ಮಾನ ಕಳೀಬೇಡಿ, ನನ್ನ ಸರದೀಲಿ ನೀವೊಬ್ಬರೇ ಬನ್ನಿ ಅಂದೆ. ಬಂದ್ರು. ನಾನು ದೋಣಿ ತಿರುಗಿಸ್ಕೊಂಡು ಬಂದ್ಬಿಟ್ಟೆ. ಕೊಲ್ಲೋಕೆ ಕೈ ಬರಲಿಲ್ಲ, ಅಮ್ಮ."

"ಕೈ ಬರಲಿಲ್ಲ ಅಂತ ಬಾಯಾರಿಕೆಗೆ ಒಪ್ಪಿಸಿ ಬಂದೆ! ಕೊಲ್ಲಿ ಯಾವುದು, ಅದನ್ನು ಬೊಗಳು."

"ದಕ್ಷಿಣದ್ದು. ಉಪ್ಪುಗುಡ್ಡದ ಕೆಳಗೆ."

ಬುರ್ಜೀನ್ ಆಗಲೇ ಎದ್ದು ನಿಂತಿದ್ದ. ಪೀಠ ಹತ್ತಿದ್ದ ನಾಚಿಕೆಯೋ ಏನೋ, ಮಾಹಾನನ ರಟ್ಟೆ ಹಿಡಿದು ದೋಣಿಯ ಕಡೆ ಎಳೆದುಕೊಂಡು ನಡೆದ. ಪೂರಾನ್ ಹಕ್ಕಿಯನ್ನು ಎದೆಗೊತ್ತಿಕೊಂಡು ಹಿಂದೆಯೇ ಹೊರಟಳು.

"ಹೆಂಗಸರು ದೋಣಿ ಹತ್ತೋದು..." ಎಂದು ಜಾದೋಯ್ ರಾಗ ಎಳೆದ.

"ಅಡ್ಡ ನಿಂತರೆ ನಿನ್ನನ್ನೇ ನೀರಿಗೆ ಹಾಕ್ತೀನಿ" ಎಂದಳು ಪೂರಾನ್. ಜಾದೋಯ್ ದಾರಿ ಬಿಟ್ಟ.

ಗುರ್ದಿಯ ಅವಳನ್ನು ಕೂಗಿ ನಿಲ್ಲಿಸಿದಳು. "ಮಗಳೇ, ಅವನು ಬದುಕಿದ್ರೆ ಹಕ್ಕಿಯ ಕಾಲು ತೊಳೆದು ಬಿಡು. ಇಲ್ಲದಿದ್ರೆ ಹೀಗೇ ಬಿಡು."

ಅಂದಿನಿಂದ ಮಂಡಿನೋವಿನ ಮುದುಕಿ ಪೂರಾನಳ ಮಾಳಿಗೆಯಿಂದ ಕೆಳಗಿಳಿಯಲೇ ಇಲ್ಲ. ಮಿಹ್ರಕ್ ರೊಟ್ಟಿ ತಂದರೆ ಬೈದಳು, ತರದಿದ್ದರೂ ಬೈದಳು. ತನ್ನ ಲೆಕ್ಕ ತಪ್ಪಿದ್ದರೆ ಆ ಹೆಣ್ಣಿಗೆ ಎರಡನೇ ಸಲ ಗಂಡನನ್ನು ಸಾಯಿಸಿದ ಹಾಗಾಗುತ್ತದೆ ಎಂಬ ಹೆದರಿಕೆ ಅವಳಿಗಿದೆಯೆಂದು ಅವನಿಗೆ ಗೊತ್ತಿತ್ತು.

ಒಂದು ಮಧ್ಯಾಹ್ನ ಪಾರಿವಾಳ ಬಂದು ಗೋಡೆಯ ಮೇಲೆ ಕುಳಿತಿತು. ಅತ್ತಿಗೆಯ ಕಣ್ಣು ನೀರಿಗೆ ಮಂಜಾದದ್ದನ್ನು ಮಿಹ್ರಕ್ ಅಂದೇ ಮೊದಲು ಕಂಡದ್ದು.

"ನನಗೆ ಕಾಣ್ತಿಲ್ಲ ಕಣೋ" ಎಂದಳು. "ಕಾಲು ನೋಡಿ ಹೇಳು."

"ಬಿಳೀ ಅತ್ತಿಗೆ" ಎಂದ ಮಿಹ್ರಕ್. "ಹಾಲಿನ ಹಾಗೆ ಬಿಳೀ."