ಬಿಟ್ಟುಹೋದ ಎರಡು

ಸಪ್ನಾಳ ಪೆನ್ಸಿಲ್ಲು ಬ್ರಾಕೆಟ್ಟಿನ ಹೊಸ್ತಿಲಿಗೆ ಬಂದು ನಿಂತಿತ್ತು. −6 × (100 − 2). ಅಡುಗೆಮನೆಯ ಪರದೆ ಅಲುಗಿತು. ಮಾಸ್ತರನ ತಾಯಿ ಸೋಮವ್ವ ನೋಡುತ್ತಿದ್ದಾಳೆ ಅನ್ನಿಸಿ ಸಪ್ನಾಳ ಬೆನ್ನು ಬೆವರಿತು.

ಸಪ್ನಾಳ ಗಂಡ ತೀರಿ ನಾಲ್ಕು ವರ್ಷ. ಉಳಿದುಹೋದ ಹತ್ತನೆಯ ತರಗತಿಯ ಗಣಿತ ಪಾಸಾದರೆ ಅಂಗನವಾಡಿ ಕೆಲಸಕ್ಕೆ ಅರ್ಜಿ ಹಾಕಬಹುದಿತ್ತು. ಅದಕ್ಕೇ ಭಾನುವಾರ ಮಧ್ಯಾಹ್ನ ಕಟಕೋಳದ ಗಣಿತ ಮಾಸ್ತರ ಶ್ರೀಶೈಲನ ಪಡಸಾಲೆಗೆ ಬರುತ್ತಿದ್ದಳು. ಮದುವೆಯಾಗದ ಮಾಸ್ತರ, ಪಾಠ ಮುಗಿಯುವತನಕ ತಲೆಬಾಗಿಲು ತೆರೆದೇ ಇರುತ್ತಿತ್ತು. ಆದರೂ ಅವಳಿಗೆ ಓಣಿಯ ಬಾಯಿಯ ಅಂಜಿಕೆ. ಅದಕ್ಕಿಂತ ಹೆಚ್ಚು ಅವನ ತಾಯಿಯದು. ಸೋಮವ್ವನ ಒಂದು ಮಾತಿಗೆ ಪಾಠವೂ ಹೋದೀತು, ಅವನೂ. ಆ ಎರಡನೆಯದನ್ನು ಅವಳು ತನಗೆ ತಾನೇ ಪೂರ್ತಿ ಹೇಳಿಕೊಂಡಿರಲಿಲ್ಲ.

ಅವಸರದಲ್ಲಿ ಬರೆದಳು: −600 − 2.

"ನೂರಕ್ಕ ಕೊಟ್ರಿ. ಪಾಪ, ಎರಡು ಏನ್ ತಪ್ಪು ಮಾಡೇತ್ರಿ?"

ಕನ್ನಡಕದ ಮೇಲಿಂದ ಇಣುಕಿದ ಶ್ರೀಶೈಲನ ಕಣ್ಣು ನಗುತ್ತಿತ್ತು. ಸಪ್ನಾ ತಲೆ ತಗ್ಗಿಸಿದಳು.

"ಹೊರಗಿನ ಮೈನಸ್ ಆರು ಒಳಗಿನ ಇಬ್ಬರಿಗೂ ಸಲ್ಲಬೇಕ್ರಿ. ಮೂರು ವಾರದಿಂದ ಇದ ತಪ್ಪ ಮಾಡಾಕ ಹತ್ತೀರಿ. ಯಾಕ್ರಿ?"

"ಸಾಲಿನ್ಯಾಗ ಒಬ್ಬರನ್ನ ದಾಟಿ ಹೋಗೂದು ನೋಡಿ ನನಗ ರೂಢಿ ಆಗೇತ್ರಿ, ಸರ." ಮಾತು ಹೇಗೆ ಹೊರಬಿತ್ತೋ. "ತಂಗಿ ಬಸುರಿ ಇದ್ದಾಗ, ಆಕಿ ಕುಬಸದಾಗ ಎಲ್ಲಾ ಹೆಣ್ಮಕ್ಕಳಿಗೂ ಉಡಿ ತುಂಬಿದ್ರು. ನಾನೂ ಸೆರಗ ಒಡ್ಡಿದ್ದೆ. ಅಕ್ಕಿ ತಟ್ಟಿ ನನ್ನ ಮುಂದಿಂದ ಹಂಗ ಹೋತು."

ಶ್ರೀಶೈಲನ ನಗು ಆರಿತು. ಬೆರಳಿಗೆ ಬೆರಳು ತಾಗದಂತೆ ಪೆನ್ಸಿಲ್ ತೆಗೆದುಕೊಂಡು ತಿದ್ದಿದ: −600 + 12 = −588.

"ಎರಡಕ್ಕೂ ಕೊಟ್ರ ಅದು ಹನ್ನೆರಡ ಆಕ್ಕೈತಿ, ನೋಡ್ರಿ." ಅವನ ದನಿ ಇಳಿಯಿತು. "ನಿಮ್ಮನ್ನ ಬಿಟ್ಟು ಮಾಡಿದ ಲೆಕ್ಕ ನನಗೂ ತಪ್ಪ ಬರಾಕ ಹತ್ತೇತ್ರಿ, ಸಪ್ನಾ. ನಮ್ಮ ಮನಿಗೇ ಬಂದಬಿಡ್ರಿ."

ಅಷ್ಟರಲ್ಲಿ ಪರದೆ ಸರಿಯಿತು.

ಸಪ್ನಾ ಧಡಕ್ಕನೆ ಎದ್ದಳು. ನೋಟುಬುಕ್ಕು ನೆಲಕ್ಕೆ ಬಿತ್ತು. ಎಲ್ಲವೂ ಕೇಳಿಸಿದೆ. ಮುಗಿಯಿತು. ಚಪ್ಪಲಿ ಎಲ್ಲಿ?

"ಎಲ್ಲಿಗೆ ಓಡತಿ? ಕುಂದರು."

ಸೋಮವ್ವನ ಕೈಯಲ್ಲಿ ತಟ್ಟೆ: ಅಕ್ಕಿ, ಕೊಬ್ಬರಿ, ಒಂದು ಹಸಿರು ರವಿಕೆಯ ಕಣ. ಮೊಮ್ಮಕ್ಕಳಾಗುವ ವಯಸ್ಸಿನ ಆ ಬರಿಹಣೆಯ ಮುದುಕಿ ಸಪ್ನಾಳ ಎದುರಿಗೇ ಬಂದು ನಿಂತಳು.

"ನನಗ ನಿಮ್ಮ ಲೆಕ್ಕ ತಿಳಿಯೂದಿಲ್ಲವ್ವ. ಇಪ್ಪತ್ತೆರಡು ವರ್ಷ ಆತು, ತಟ್ಟಿ ನನ್ನೂ ದಾಟಿ ಹೊಂಟೈತಿ. ನಾ ಉಡಿ ತುಂಬಿದ್ರ ನಡೀತೈತೋ ಇಲ್ಲೋ... ನನಗೂ ಅಂಜಿಕಿನ. ಸೆರಗ ಒಡ್ಡು."

ಓಣಿಯಲ್ಲಿ ಯಾರದೋ ಹೆಜ್ಜೆ ನಿಂತಿತು. ಬಾಗಿಲು ಮುಚ್ಚಲು ಶ್ರೀಶೈಲ ಏಳಲಿಲ್ಲ. ಆ ಅಂಜಿಕೆಯಲ್ಲೇ ಸಪ್ನಾ ಸೆರಗು ಹಿಡಿದಳು. ಅಕ್ಕಿ ಸುರಿಯಿತು. ತುಂಬಿದ ಉಡಿ ಇಷ್ಟೊಂದು ಭಾರ ಇರುತ್ತದೆಂಬುದೇ ಅವಳಿಗೆ ಮರೆತುಹೋಗಿತ್ತು.

ತಟ್ಟೆಯಲ್ಲಿ ಇನ್ನೂ ಅರ್ಧ ಅಕ್ಕಿ ಇತ್ತು. ಅವಳು ಬೊಗಸೆ ತುಂಬಿಕೊಂಡಳು. ಶ್ರೀಶೈಲನ ಕಡೆ ನೋಡಲು ಧೈರ್ಯ ಸಾಲಲಿಲ್ಲ.

"ನೀವೂ ಸೆರಗ ಒಡ್ಡ್ರಿ," ಅಂದಳು. "ಅತ್ತಿ."