ಗೋಡೆ ಕೇಳಿದ್ದ ಸಾಕ್ಷಿ

ಹೈಕೋರ್ಟಿನ ಮೇಜಿನ ಮೇಲೆ ಹಳೆಯ ಗಾರೆಯ ಚಪ್ಪಡಿಯೊಂದನ್ನಿಟ್ಟು ಡಾ. ಶಾಲ್ಮಲಾ ಹೊಸಮನಿ ಅದರ ಮೇಲೆ ನೀಲಿ ಬೆಳಕು ಹಾಯಿಸಿದರು. ಕೋರ್ಟು ಕರೆಸಿದ್ದ ನಿವೃತ್ತ ಬೆರಳಚ್ಚುಗಾರ ನಿಂಗಯ್ಯನವರು ಕುತ್ತಿಗೆ ಚಾಚಿ ನೋಡಿದರು. ಒಂಬತ್ತು ವರ್ಷದ ಹಿಂದೆ ಕೆಳಗಿನ ಕೋರ್ಟಿನಲ್ಲಿ ಅವರು ಕೂರುತ್ತಿದ್ದುದು ಇದೇ ಗಾರೆಯ ಗೋಡೆಗೆ ಬೆನ್ನು ಹಾಕಿ.

“ಈ ಗಾರಿಗೆ ಬಾಯಿ ಐತೇನ್ರಿ ಮೇಡಮ್?”

“ಬಾಯಿ ಇಲ್ರಿ ಯಜಮಾನ್ರ, ಕಿವಿ ಐತಿ. ಗೋಡಿಗೂ ಕಿವಿ ಇರ್ತಾವ ಅಂತ ಹಿರ್ಯಾರು ಸುಮ್ಮನ ಹೇಳ್ಯಾರೇನು?”

ಮಾತಿನ ಕಂಪನ ಸುಣ್ಣದ ಹರಳುಗಳಲ್ಲಿ ಪದರಪದರವಾಗಿ ಉಳಿಯುತ್ತದೆ. ಬೆಳಕು ಆ ಪದರಗಳನ್ನು ಓದಿ ಮತ್ತೆ ಧ್ವನಿಯಾಗಿಸುತ್ತದೆ. ಯಂತ್ರದ ಹೆಸರು ‘ಗೋಡೆಗಿವಿ’. ಮೇಲ್ಮನವಿಯಲ್ಲಿ ನ್ಯಾಯಮೂರ್ತಿಗಳು ಸಾಕ್ಷಿಯ ಮುಖ ಕಾಣುವುದಿಲ್ಲ, ದನಿ ಕೇಳುವುದಿಲ್ಲ, ಕಾಗದವನ್ನಷ್ಟೇ ಓದುತ್ತಾರೆ. ಆ ಕೊರತೆ ನೀಗಲೆಂದೇ ಇದನ್ನು ತರಿಸಿದ್ದರು.

ಕಾಗದದಲ್ಲಿ ಮಲ್ಲವ್ವನ ಹೇಳಿಕೆ ಹೀಗಿತ್ತು: “ನನ್ನ ಮಗ ದ್ಯಾಮಣ್ಣನು ಕೊಲ್ಲುವ ಉದ್ದೇಶದಿಂದಲೇ ಗೆಳೆಯನ ತಲೆಗೆ ಬಡಿಗೆಯಿಂದ ಹೊಡೆದನು.” ಈ ಸಾಲೇ ದ್ಯಾಮಣ್ಣನಿಗೆ ಜೀವಾವಧಿ ಶಿಕ್ಷೆ ಕೊಡಿಸಿತ್ತು. ಕಟಕಟೆ ದೂರ, ಮುದುಕಿಯ ದನಿ ಸಣ್ಣದು. ಅಂದು ಅವನಿಗೆ ಏನೂ ಕೇಳಿಸಿರಲಿಲ್ಲ. ಜೈಲಿನಲ್ಲಿ ಯಾರೋ ತೀರ್ಪು ಓದಿ ಹೇಳಿದ ಮೇಲೆ ಹೆತ್ತವಳ ಮೇಲೆ ಮನಸ್ಸು ಕಲ್ಲಾಯಿತು. ಆಕೆ ತಿಂಗಳು ತಿಂಗಳೂ ಬಂದು ಗೇಟಿನಲ್ಲಿ ಕಾದರೂ ಮುಖ ತೋರಿಸಲಿಲ್ಲ. ಪಾಪ, ಮಗ ಯಾಕೆ ಮುನಿದನೆಂದು ತಿಳಿಯದೆಯೇ ಕಣ್ಣು ಮುಚ್ಚಿದಳು.

ಗೋಡೆಗಿವಿ ಗರಗರ ಎಂದು, ಮಲ್ಲವ್ವನ ದನಿಯಲ್ಲಿ ನುಡಿಯಿತು: “ಜಗಳಾಡಿದ್ರಿ. ಸಿಟ್ಟಿನ್ಯಾಗ ಹೊಡದಾ, ಖರೆ. ಗೆಳೆಯಾ ಬಿದ್ದದ್ದ ನೋಡಿ ಎದಿ ಎದಿ ಬಡಕೊಂಡ್ರಿ. ತಲಿ ತೊಡಿಮ್ಯಾಲ ಇಟ್ಕೊಂಡು, ಏಳಪಾ ಏಳಪಾ ಅಂತ ನೀರ ಕುಡಸಾಕ್ಹತ್ತಿದ್ದ.”

ಕಾವಲಿನ ಪೊಲೀಸರ ನಡುವೆ ನಿಂತಿದ್ದ ದ್ಯಾಮಣ್ಣ ಮುಂದಿದ್ದ ಅಡ್ಡಕಂಬಿಯನ್ನು ಗಟ್ಟಿಯಾಗಿ ಹಿಡಿದುಕೊಂಡ.

ಯಾರೂ ಕೇಳುವ ಮೊದಲೇ ನಿಂಗಯ್ಯನವರು ಎದ್ದರು. ನೀಟಾದ ಬೆರಳಚ್ಚಿಗೆ ಜಿಲ್ಲೆಗೇ ಹೆಸರಾಗಿದ್ದವರು, ನೋಡಿ! “ತಪ್ಪು ನಂದ್ರಿ ಸ್ವಾಮಿ. ಆಕಿ ‘ಹೊಡದಾ’ ಅಂದ್ಲು. ಕೊಲಿ ಕೇಸು ಅಂದ್ರ ‘ಕೊಲ್ಲುವ ಉದ್ದೇಶದಿಂದ’ ಅಂತ ಟೈಪ್ ಬಡಿಯೂದು ಕೈಗೆ ರೂಢಿ ಬಿದ್ದಿತ್ರಿ. ಆಕಿಗೆ ಓದಿ ಹೇಳದನ ಹೆಬ್ಬೆಟ್ಟ ಒತ್ತಿಸ್ಕೊಂಡೆ.”

ಇಬ್ಬರು ನ್ಯಾಯಮೂರ್ತಿಗಳೂ ಬಹಳ ಹೊತ್ತು ಮಾತಾಡಿಕೊಂಡರು. ಹಿರಿಯರು ಹೇಳಿದರು: “ಇದು ಕೊಲೆಯಲ್ಲ, ಕೊಲ್ಲುವ ಉದ್ದೇಶವಿಲ್ಲದೆ ಆದ ನರಹತ್ಯೆ. ಈಗಾಗಲೇ ಅನುಭವಿಸಿದ ಒಂಬತ್ತು ವರ್ಷಕ್ಕೆ ಶಿಕ್ಷೆ ಇಳಿಸಿದ್ದೇವೆ. ದ್ಯಾಮಣ್ಣ, ನೀವಿನ್ನು ಮನೆಗೆ ಹೋಗಬಹುದು.”

ದ್ಯಾಮಣ್ಣ ಕದಲಲಿಲ್ಲ. ಶಾಲ್ಮಲಾ ಯಂತ್ರವನ್ನು ಆರಿಸಲು ಹೋದಾಗ ಕೈಮುಗಿದ. “ಅಕ್ಕಾರ, ಬಂದ್ ಮಾಡಬ್ಯಾಡ್ರಿ. ಅವ್ವನ ದನಿ ಇನ್ನೂ ಐತೇನ ನೋಡ್ರಿ.”

ಕಾನೂನಿನಲ್ಲಿ ಇದಕ್ಕೆ ಅವಕಾಶವಿರಲಿಲ್ಲ. ಆದರೂ ಹಿರಿಯ ನ್ಯಾಯಮೂರ್ತಿ ಆಗಲಿ ಎಂದು ತಲೆಯಾಡಿಸಿದರು. ಬೆಳಕು ಗಾರೆಯ ಮೇಲೆ ಇನ್ನೊಂದಿಷ್ಟು ಸರಿಯಿತು. ಮುಂದಿನ ಮಾತು ನಿಂಗಯ್ಯನವರಿಗೆ ನೆನಪಿತ್ತು. ಕೇಸಿಗೆ ಸಂಬಂಧವಿಲ್ಲವೆಂದು ಅಂದು ಅವರು ಅದನ್ನು ಬಡಿದಿರಲೇ ಇಲ್ಲ. ಅವರು ಮುಖ ಮುಚ್ಚಿಕೊಂಡರು.

“ಸಾಹೇಬ್ರ, ನನ್ನ ಮಗಾ ಮುಂಜಾನಿಂದ ಏನರ ಉಂಡಾನೇನ್ರಿ?”

ದ್ಯಾಮಣ್ಣ ಚಪ್ಪಡಿಯ ಹತ್ತಿರ ಬಂದು ಬಗ್ಗಿದ.

“ಉಂಡೀನಿ ಯವ್ವಾ,” ಎಂದ, “ಉಂಡೀನಿ.”